ಶಿವಗಂಗವ್ವನ ಬೆಳ್ಳನೆಯ ಬೇಸಿನ್ನು

ಶಿವಗಂಗವ್ವ ಸೊಂಟದ ಕೀಲಿಯಿಂದ ಪಾಯಖಾನೆಯ ಬಾಗಿಲು ತೆಗೆದು, ಬೀಗಿತ್ತಿಯಾಗಬೇಕಾದ ನೀಲಕ್ಕನನ್ನು ಹತ್ತಿರ ಕರೆದಳು. ದೇವರ ಕೋಣೆಯನ್ನೂ ಯಾರೂ ಇಷ್ಟು ಬಿಂಕದಿಂದ ತೋರಿಸುವುದಿಲ್ಲ.

"ಕಟ್ಟಿಸಿ ಐದು ವರ್ಷಾತ್ರಿ. ಒಂದ ಕಲಿ ತೋರಸ್ರಿ ನೋಡೂಣು."

ಒಂದೂ ಕಲೆ ಇರಲಿಲ್ಲ. ನೆಲದಲ್ಲಿ ಕೂಡಿಸಿದ ಬೇಸಿನ್ನು ನಿನ್ನೆಯಷ್ಟೇ ಅಂಗಡಿಯಿಂದ ತಂದಂತೆ ಹೊಳೆಯುತ್ತಿತ್ತು.

ನೀಲಕ್ಕನ ಮುಖ ಸಣ್ಣದಾಯಿತು. ಹೆಣ್ಣು ನೋಡಲು ಅಣ್ಣಿಗೇರಿಗೆ ಬಂದಾಗ ಇದೇ ಶಿವಗಂಗವ್ವ ನೀಲಕ್ಕನ ಮನೆಯ ಪಾಯಖಾನೆಯಲ್ಲಿ ಇಣುಕಿ, ಮೂಗಿಗೆ ಸೆರಗು ಹಿಡಿದು, ಈ ಮನೆಯ ಹೆಂಗಸರಿಗೆ ಕೈಗಳಿಲ್ಲವೇ ಎಂದು ಕೇಳಿದ್ದಳು. ಬೋರಿನ ಸವಳು ನೀರು ಕಟ್ಟಿದ ಹಳದಿ ಕಲೆ ಅದು. ಲಿಂಬೆಹುಳಿ, ಸೋಡಾ, ಕೊನೆಗೆ ಕೈ ಸುಡುವ ಆ್ಯಸಿಡ್ಡು, ಯಾವುದಕ್ಕೂ ಜಗ್ಗಿರಲಿಲ್ಲ.

ಆ ಮಾತು ನುಂಗಿಕೊಂಡೇ ನೀಲಕ್ಕ ಈಗ ಕುಬಿಹಾಳಕ್ಕೆ ವರನ ಮನೆ ನೋಡಲು ಬಂದಿದ್ದಳು. ಮಗಳು ಶೈಲಾಳದು ಒಂದೇ ಹಟ: ಬಯಲಕಡೆ ಹೋಗುವ ಮನೆಗೆ ಸೊಸೆಯಾಗುವುದಿಲ್ಲ. ಇತ್ತ ಶಿವಗಂಗವ್ವನ ಮಗ ಸಂಗನಬಸವನಿಗೆ ತಲೆ ನರೆಯುತ್ತ ಬಂದರೂ ಯಾರೂ ಹೆಣ್ಣು ಕೊಟ್ಟಿರಲಿಲ್ಲ. ಅದರಿಂದೇನೂ ತಾಯಿಯ ಜಂಬ ಇಳಿದಿರಲಿಲ್ಲ.

ಇಲ್ಲಿಯ ನೀರು ಸಿಹಿಯೇ ಎಂದು ನೀಲಕ್ಕ ಕೇಳಿದಳು. ಅಲ್ಲ, ಸವಳೇ. ಬಚ್ಚಲ ಹಂಡೆಯ ಕಂಠದಲ್ಲಿ ಉಪ್ಪು ದಪ್ಪಗೆ ಕಟ್ಟಿತ್ತು. ಹಿತ್ತಲ ಬಾಗಿಲಲ್ಲಿ ಸಾಲಾಗಿಟ್ಟ ತಂಬಿಗೆಗಳ ಒಳಗೂ ಅದೇ ಬಿಳಿ ಪೊರೆ.

"ಹಂಗಾದ್ರ ಇದನ್ನ ಏನ್ ಹಾಕಿ ತಿಕ್ಕತೀರಿ?"

"ಹಾಕೂದೇನ್ರಿ, ಮನಿತನ ಸ್ವಚ್ಛ ಇರಬೇಕು. ನಮ್ಮಲ್ಲಿ ಬಳಸೂ ರೀತಿನ ಬ್ಯಾರೆ."

ನೀಲಕ್ಕನಿಗೆ ಉಪಚಾರದ ಮಜ್ಜಿಗೆ ಹೊಟ್ಟೆ ತುಂಬ ಆಗಿತ್ತು. ಒಂದು ನಿಮಿಷ ಒಳಗೆ ಹೋಗಿ ಬರುತ್ತೇನೆ ಎಂದಳು. ಶಿವಗಂಗವ್ವ ನಳ ಕೆಟ್ಟಿದೆ, ಒಳಗೆ ನೀರಿಲ್ಲ ಎಂದು ತೊದಲಿದಳು. ಅದಕ್ಕೇನಂತೆ ಎಂದು ನೀಲಕ್ಕ ಅಂಗಳದ ತೊಟ್ಟಿಯಿಂದ ತಾನೇ ಕೊಡ ತುಂಬಿ ತಂದಳು. ಮೊದಲಿಗೆ ಬೇಸಿನ್ನಿಗೆ ಒಂದಿಷ್ಟು ಸುರಿದಳು.

ನೀರು ಇಳಿಯಲಿಲ್ಲ. ಇನ್ನಷ್ಟು ಸುರಿದಳು. ಅಂಚಿನವರೆಗೆ ಏರಿ ಸುಮ್ಮನೆ ನಿಂತಿತು.

ನೀಲಕ್ಕ ಪಾಯಖಾನೆಯ ಗೋಡೆಯ ಹಿಂದೆ ಸುತ್ತುಹಾಕಿ, ನೆಲ ನೋಡಿ ಬಂದಳು. ಶಿವಗಂಗವ್ವನಿಗೆ ಕೇಳಲೆಂದೇ ಅವಳ ಎದುರಿಗೆ ನಿಂತು ಮಗಳಿಗೆ ಫೋನು ಹಚ್ಚಿದಳು.

"ಶೈಲಾ, ಬೇಸಿನ್ ಅಗದಿ ಬೆಳ್ಳಗ ಐತವಾ, ಹಿಂದ ಗುಂಡೀನ ತೋಡಿಲ್ಲ, ಮನಿಮಂದಿ ಎಲ್ಲಾ ತಂಬಿಗಿ ಹಿಡಕೊಂಡ ಬಯಲಕಡಿ ಹೊಕ್ಕಾರ."