ಕತ್ತಿನ ಹಿಂದಿನ ತೂತು

ಯಾರೋ ಉಡುಗೊರೆ ಕೊಟ್ಟ ದೇವಕಣಗಿಲೆಯ ಸೋಪೊಂದು ಗೋಥೆನ್‌ಬರ್ಗಿನ ನನ್ನ ಬಚ್ಚಲಿನಲ್ಲಿದೆ. ಇನ್ನೂ ಬಿಚ್ಚಿಲ್ಲ, ಆದರೂ ಕಾಗದದೊಳಗಿಂದಲೇ ನೂರ್ ಆಂಟಿಯ ತಲೆಯೆಣ್ಣೆಯ ಹಾಗೆ ಘಮಘಮಿಸುತ್ತದೆ.

ಆಗ ನನಗೆ ಏಳು ವರ್ಷ. ಸೋಲ್ನಾ ಎಂಬ ಊರಿನಲ್ಲಿ ನಮ್ಮ ಪಕ್ಕದ ಮನೆಯವರಾಗಿದ್ದ ಮಲೇಷ್ಯಾದ ನೂರ್ ಆಂಟಿ ದಿನವೂ ನನ್ನನ್ನು ಶಾಲೆಯಿಂದ ಕರೆತರುತ್ತಿದ್ದರು. ದಾರಿಯುದ್ದಕ್ಕೂ ಅವರ ಊರಿನ ಪೊಂಟಿಯಾನಾಕ್‌ನ ಕಥೆ. ಹೆರಿಗೆಯಲ್ಲಿ ಸತ್ತು, ರಕ್ತ ಹೀರುವ ದೆವ್ವವಾದ ಹೆಂಗಸು ಅವಳು. ಅವಳು ಬಂದರೆ ದೇವಕಣಗಿಲೆಯ ವಾಸನೆ ಬರುತ್ತದೆ. ಕತ್ತಿನ ಹಿಂದೆ, ಕೂದಲ ಕೆಳಗೆ, ಒಂದು ತೂತಿರುತ್ತದೆ. ಆಂಟಿಯ ಕಥೆಯಲ್ಲಿ ಮಾತ್ರ ಅವಳು ದಪ್ಪ ಜಾಕೆಟ್ ತೊಟ್ಟು, ಟಿಕೆಟ್ಟಿಲ್ಲದೆ ಮೆಟ್ರೋದಲ್ಲಿ ಓಡಾಡುತ್ತಿದ್ದಳು. ನಾನು ಬಿದ್ದು ಬಿದ್ದು ನಗುತ್ತಿದ್ದೆ.

ಆ ಚಳಿಗಾಲ ಆಂಟಿ ತುಂಬು ಬಸುರಿಯಾಗಿ ಆಸ್ಪತ್ರೆಗೆ ಹೋದರು, ಬರಿಗೈಯಲ್ಲಿ ಬಂದರು.

"ಪಾಪು ಉಳೀಲಿಲ್ಲ ಕಣೇ. ಆಂಟೀನ ಏನೂ ಕೇಳೋಕೆ ಹೋಗ್ಬೇಡ," ಎಂದಳು ಅಮ್ಮ.

ನಾನು ಕೇಳಲಿಲ್ಲ. ಅವರು ಮತ್ತೆ ಶಾಲೆಗೆ ಬಂದ ಮೊದಲ ಮಧ್ಯಾಹ್ನ, ನನ್ನ ಬೂಟಿನ ಜಿಪ್ ಎಳೆಯಲು ಬಗ್ಗಿದಾಗ, ಕೂದಲು ಸರಿಸಿ ಅವರ ಕತ್ತಿನ ಹಿಂದೆ ಬೆರಳಿಟ್ಟೆ. ಚರ್ಮ ನುಣ್ಣಗಿತ್ತು, ಬೆಚ್ಚಗಿತ್ತು. ಆಂಟಿ ಅಲುಗಲಿಲ್ಲ.

"ತೂತು ಇದೆಯಾ?" ಎಂದು ತಗ್ಗಿದ ದನಿಯಲ್ಲಿ ಕೇಳಿದರು.

ಕಥೆ ಮತ್ತೆ ಶುರುವಾಯಿತೆಂದುಕೊಂಡು ಖುಷಿಯಿಂದ, "ಇದೆ," ಎಂದುಬಿಟ್ಟೆ.

ಆಂಟಿ ಇನ್ನೊಂದು ಬೂಟಿನ ಜಿಪ್ಪನ್ನೂ ಎಳೆದು ಎದ್ದರು. ದಾರಿಯಲ್ಲಿ ಕಥೆ ಹೇಳಲಿಲ್ಲ. ಮನೆ ಸೇರುವಷ್ಟರಲ್ಲಿ ಎರಡು ಸಲ ಅವರ ಕೈ ತಾನಾಗಿ ಕತ್ತಿನ ಹಿಂದಕ್ಕೆ ಹೋಗಿ, ಅಲ್ಲಿ ತಡಕಾಡಿತು.