ನಿಮ್ಮ ನಾಟಕ ಸಾಕು

"ನಾನು ಯಾರು, ಹೇಳಿ. ಹೇಳಿದ ಮೇಲೆ ಊಟ."

ಆಕೆ ತಟ್ಟೆಯನ್ನು ಮೇಜಿನ ಆ ತುದಿಯಲ್ಲೇ ಹಿಡಿದಿದ್ದಳು. ಗಂಡ ತಟ್ಟೆ ನೋಡಿದ, ಆಕೆಯ ಮುಖ ನೋಡಿದ, ಮತ್ತೆ ತಟ್ಟೆ ನೋಡಿದ.

"ಊಟ ಕೊಡೋರು," ಎಂದ.

"ನೋಡಿದೆಯಾ ಕೊಬ್ಬು?" ಆಕೆ ಮಗಳತ್ತ ತಿರುಗಿದಳು. "ಬೇಕಂತಲೇ ಹೇಳ್ತಾರೆ."

"ಅಮ್ಮಾ, ಮರೆವಿನ ಕಾಯಿಲೆ ಅಂತ ಡಾಕ್ಟರ್ ಅಷ್ಟು ಬಿಡಿಸಿ ಹೇಳಿದ್ದಾರೆ."

"ಡಾಕ್ಟರಿಗೇನು ಗೊತ್ತು? ಅವರೇನು ಇವರ ಜೊತೆ ಸಂಸಾರ ಮಾಡಿದ್ದಾರಾ?"

ಆಕೆಯ ಅನುಮಾನ ಸುಮ್ಮನೆ ಹುಟ್ಟಿದ್ದಲ್ಲ. ಸಿನಿಮಾದಲ್ಲಿ ಆತ ಎಂದೂ ನಾಯಕನಾಗಲಿಲ್ಲ. ನಾಯಕನ ಸುತ್ತಲಿನ ಲೋಕವೆಲ್ಲ ಆಗಿದ್ದ. ಜಡ್ಜ್, ಜೇಬುಗಳ್ಳ, ಕುಡುಕ, ಒಮ್ಮೆ ಮುದುಕಿ ಕೂಡ. ಕುರುಡನ ಪಾತ್ರ ಸಿಕ್ಕಾಗ ನಿಜವಾಗಿ ದೃಷ್ಟಿ ಹೋಯಿತೆಂದು ಮನೆಯಲ್ಲಿ ನಂಬಿಸಿದ. ಆಕೆ ಅಳುತ್ತ ತುತ್ತು ತಿನ್ನಿಸಿದ್ದನ್ನು ನೋಡಿ ನೋಡಿ ಪಾತ್ರ ಕಲಿತ. ಜಗಳದಲ್ಲಿ ಸೋಲುವ ಹೊತ್ತಿಗೆ ಎದೆ ಹಿಡಿದುಕೊಂಡು ಬೀಳುತ್ತಿದ್ದ. ಆಂಬುಲೆನ್ಸ್ ಬಂದ ಮೇಲೆ ಎದ್ದು ಕೂತು, ಬಂದವರಿಗೆ ಕಾಫಿ ಕೊಡು ಎನ್ನುತ್ತಿದ್ದ. ಆಕೆಯ ತಾಯಿ ತೀರಿಕೊಂಡಾಗ ಗೋಳೋ ಎಂದು ಅತ್ತ. ಅದೇ ಅಳು ಮುಂದಿನ ಸಿನಿಮಾದಲ್ಲಿ ಬಂತು, ಪ್ರಶಸ್ತಿಯನ್ನೂ ತಂತು. ಆಮೇಲೆ ಆಕೆ ಅವನ ಯಾವ ಕಣ್ಣೀರನ್ನೂ ನಂಬಲಿಲ್ಲ.

ಈಗ ಮರೆವು. ಪಾತ್ರಗಳು ನಿಂತವು, ಹೆಂಡತಿಯ ಎದುರು ಕೂತು ಉತ್ತರ ಕೊಡಬೇಕಾದ ಕಾಲ ಬಂತು. ಸರಿಯಾಗಿ ಆಗಲೇ ಎಲ್ಲ ಮರೆತುಹೋಯಿತಂತೆ.

"ಭಾನುವಾರದವರೆಗೆ ನೋಡ್ತೀನಿ," ಎಂದಳು. "ವೇಷ ಕಳಚಿದರೆ ಸರಿ. ಇಲ್ಲಾಂದ್ರೆ ಇವರನ್ನ ವೃದ್ಧಾಶ್ರಮಕ್ಕೆ ಸೇರಿಸಿ ನಾನು ಅಕ್ಕನ ಮನೆಗೆ ಹೋಗ್ತೀನಿ. ಅಲ್ಲಿ ಯಾರ ಮುಂದೆ ಬೇಕಾದ್ರೂ ಆಡಲಿ."

ಮಗಳು ತಟ್ಟೆ ಕಸಿದುಕೊಂಡು ಅಪ್ಪನಿಗೆ ಉಣಿಸಿದಳು. ಅಂದಿನಿಂದ ದಿನಾ ಸಂಜೆ ಅಪ್ಪನ ಕೋಣೆಗೆ ಹೋಗಿ ಬಾಗಿಲು ಹಾಕಿಕೊಳ್ಳತೊಡಗಿದಳು. ಒಳಗೆ ಗುಸುಗುಸು. ಅಪ್ಪ ಮಗಳು ಸೇರಿ ಏನೋ ಮಸಲತ್ತು ನಡೆಸಿದ್ದಾರೆಂದು ಆಕೆ ಹೊರಗೆ ಪಾತ್ರೆಗಳನ್ನು ದಡಬಡ ಕುಕ್ಕುತ್ತಿದ್ದಳು.

ಭಾನುವಾರ ಬೆಳಿಗ್ಗೆ ಆಕೆ ಸೂಟ್‌ಕೇಸ್ ಎತ್ತಿಕೊಂಡು ಹೊರಟಾಗ ಆತ ಕೋಣೆಯಿಂದ ಬಂದ. ಗಡ್ಡ ನುಣ್ಣಗೆ ಬೋಳಿಸಿತ್ತು, ಅಂಗಿಗೆ ಇಸ್ತ್ರಿ ಬಿದ್ದಿತ್ತು. ಕಿಟಕಿಯ ಬೆಳಕು ಬೀಳುವ ಜಾಗ ನೋಡಿಕೊಂಡು ನಿಂತ.

"ಮೆಣಸಿನಕಾಯಿ," ಎಂದ. ಮದುವೆಯಾದ ಹೊಸತರಲ್ಲಿ ಅವನೇ ಇಟ್ಟ ಹೆಸರು. "ಸಿಟ್ಟು ಸಾಕು ಮಾಡೇ. ನಾನು ನಿನಗೆ ಕೊಟ್ಟ ಕಾಟ ಒಂದೆರಡಲ್ಲ. ಕುರುಡನಾಗಿ ಅಳಿಸಿದೆ. ನಿಮ್ಮಮ್ಮ ಹೋದಾಗಿನ ಅಳುವನ್ನೂ ಮಾರಿಕೊಂಡೆ. ತಪ್ಪಾಯ್ತು."

ಸೂಟ್‌ಕೇಸ್ ಆಕೆಯ ಕೈಯಿಂದ ಜಾರಿತು.

"ರೈಲ್ವೆ ಸ್ಟೇಷನ್ನಿನಲ್ಲಿ ನಿನ್ನನ್ನ ಮೊದಲು ನೋಡಿದಾಗ, ನೀನು ಕೊಡೆ ಎತ್ತಿ ಯಾರಿಗೋ ಬೈತಾ ಇದ್ದೆ."

"ಬಸ್ ಸ್ಟ್ಯಾಂಡಿನಲ್ಲಿ," ಎಂದು ತಿದ್ದಿದಳು. ಮಗಳೂ ಈ ಕಥೆ ಯಾವಾಗ ಹೇಳಿದರೂ ಇಲ್ಲೇ ಎಡವುತ್ತಿದ್ದಳು.

ಆತ ಅರೆಕ್ಷಣ ತಡೆದ. "ಅವತ್ತೇ ನಿನಗೆ ಸೋತೆ," ಎಂದು ಮುಗಿಸಿದ.

"ಗೊತ್ತಿತ್ತು ನನಗೆ," ಎಂದಳು ಆಕೆ. "ಎಲ್ಲ ನಾಟಕ ಅಂತ ಗೊತ್ತಿತ್ತು. ನನ್ನ ಹೊಟ್ಟೆ ಉರಿಸೋಕೆ ಅಂತಲೇ..." ಮುಷ್ಟಿ ಕಟ್ಟಿ ಅವನ ಎದೆಗೆ ಗುದ್ದಿದಳು. ಬಾಯಿಗೆ ಬಂದಂತೆ ಬೈದಳು. ಆಮೇಲೆ ಅದೇ ಎದೆಗೆ ಹಣೆಯಿಟ್ಟು ಬಿಕ್ಕಿದಳು. ಆತ ಮೆಲ್ಲಗೆ ಬೆನ್ನು ತಟ್ಟಿದ. ಮಗಳು ಮುಖ ತಿರುಗಿಸಿಕೊಂಡು ನಿಂತಿದ್ದಳು.

ಕಣ್ಣೊರೆಸಿಕೊಂಡು ಆಕೆ ಅಡುಗೆಮನೆಗೆ ಹೋದಳು. ಒಲೆ ಹಚ್ಚಿದಳು. ಏನು ಮಾಡಲಿ ಎಂದು ಕೇಳೋಣವೆಂದು ತಿರುಗಿ ಬಂದವಳು ಬಾಗಿಲಲ್ಲೇ ನಿಂತಳು.

ಆತ ಮಗಳ ಮುಂದೆ ಕೈಕಟ್ಟಿ ನಿಂತಿದ್ದ.

"ಮಾತು ಒಂದೂ ಬಿಟ್ಟುಹೋಗಲಿಲ್ಲ, ಅಲ್ವಾ ಮೇಡಂ?" ಎಂದು ತಗ್ಗಿದ ದನಿಯಲ್ಲಿ ಕೇಳಿದ. "ನನ್ನ ಹೆಂಡತಿ ಪಾತ್ರ ಮಾಡಿದರಲ್ಲ, ಆಯಮ್ಮ ಯಾರು? ನಿಜವಾಗಿಯೇ ಅತ್ತುಬಿಟ್ಟರು."