ತಾನೇ ಬರೆಯುತ್ತಿದ್ದ ಕಂಟ

ದೀಪದ ಮಸಿಯ ವಾಸನೆ ಬಂದರೆ ನನಗೆ ಇಂದಿಗೂ ಸಿಟ್ಟೇ ಬರುತ್ತದೆ.

ಮನೋಳಿಯ ನಮ್ಮ ಮನೆಯಲ್ಲಿ ಓಲೆಗರಿಯ ಮೇಲೆ ಬರೆಯುವ ಕಬ್ಬಿಣದ ಕಂಟವೊಂದಿತ್ತು. ಅದನ್ನು ಖಾಲಿ ಗರಿಯೊಂದಿಗೆ ದೇವರ ಕೋಣೆಯಲ್ಲಿಟ್ಟು ಬಾಗಿಲು ಮುಚ್ಚಿದರೆ, ಕೇಳಿದ್ದಕ್ಕೆ ತಾನೇ ಉತ್ತರ ಬರೆಯುತ್ತದೆ ಎಂದು ಊರು ನಂಬಿತ್ತು. ಒಂದು ಮಧ್ಯಾಹ್ನ ರೈತನೊಬ್ಬ ಬಂದ. ಅವನ ಎಂಟು ವರ್ಷದ ಮಗಳಿಗೆ ನನ್ನ ಅಜ್ಜನೇ ಒಬ್ಬ ಮುದಿ ವರನನ್ನು ಗೊತ್ತು ಮಾಡಿದ್ದ.

“ಕೊಡ್ಲೋ ಬ್ಯಾಡೋ, ಕಂಟನ ಹೇಳ್ಲಿರಿ ಭಟ್ಟರ,” ಎಂದ ರೈತ.

“ಕೊಡು ಅಂತನ ಬರೀತದ, ನೋಡ್ತಿರು,” ಎಂದ ಅಜ್ಜ.

ಇಬ್ಬರೂ ಹೊರಗೆ ಕುಳಿತು ಕಾದರು. ಆಮೇಲೆ ಅಜ್ಜ ಗರಿಯನ್ನು ತಂದು ಮಸಿ ಸವರಿ ಒರೆಸಿದ. ಕೊರೆದ ಅಕ್ಷರಗಳು ಕಪ್ಪಗೆ ಎದ್ದವು. ಆಗಷ್ಟೇ ಓದಲು ಕಲಿತಿದ್ದ ನಾನು ಹುರುಪಿನಿಂದ ಗಟ್ಟಿಯಾಗಿ ಓದಿಬಿಟ್ಟೆ: “ಕೊಡಬೇಡ.”

ರೈತ ಗರಿಯನ್ನು ಕಣ್ಣಿಗೊತ್ತಿಕೊಂಡು ಹೋದ. ಅಜ್ಜ ನೆಟ್ಟಗೆ ಅಡುಗೆಮನೆಗೆ ನುಗ್ಗಿದ. ಅಲ್ಲಿದ್ದವಳು ನನ್ನ ಸೋದರತ್ತೆ, ಹತ್ತನೆಯ ವಯಸ್ಸಿಗೇ ವಿಧವೆಯಾದವಳು.

“ನಾ ಹೇಳಿದ್ದೇನು, ನೀ ಬರದದ್ದೇನು?”

“ನಾ ಎಲ್ಲಿ ಬರದೆ, ಅಪ್ಪಾ? ಕಂಟನ ಬರೀತದಂತ ನೀವ ಹೇಳ್ತೀರಲ್ಲಾ.”

ಹೇಳುವಾಗ ಅವಳು ನಕ್ಕಳೆಂದು ನೆನಪು. ನಗು ನಾನು ಆಮೇಲೆ ಸೇರಿಸಿದ್ದೂ ಇರಬಹುದು. ಆದರೆ ಅಡುಗೆಮನೆಯಿಂದ ದೇವರ ಕೋಣೆಗಿದ್ದ ಬಾಗಿಲಿಗೆ ಅಂದೇ ಬೀಗ ಬಿದ್ದದ್ದು ಸುಳ್ಳಲ್ಲ. ಕಂಟ ಮತ್ತೆ ಒಂದಕ್ಷರವನ್ನೂ ಬರೆಯಲಿಲ್ಲ. ಕಲಿಗಾಲ ಬಂತೆಂದು ಊರವರು ಮರುಗಿ, ಅದಕ್ಕೆ ಕುಂಕುಮ ಏರಿಸಿ ಕೈಮುಗಿದರು. ಆ ಕುಂಕುಮವನ್ನು ಅತ್ತೆ ಮುಟ್ಟುವಂತಿರಲಿಲ್ಲ.